ಬಿಲ್ಲೇರಿದ ವರ್ಷ

ಹೂವಿನಹಡಗಲಿ ತಾಲ್ಲೂಕಿನ ಮೈಲಾರದಲ್ಲಿ ಭರತ ಹುಣ್ಣಿಮೆ ಕಳೆದ ಮೇಲೆ ಒಂದು ಸಂಜೆ ಲಕ್ಷಾಂತರ ಜನ ಒಟ್ಟಿಗೇ ಮಾತು ನಿಲ್ಲಿಸುತ್ತಾರೆ. ಡೆಂಕನಮರಡಿಯ ಬಯಲಲ್ಲಿ ಎತ್ತಿ ನಿಲ್ಲಿಸಿದ, ಆಳೆತ್ತರ ಮೀರಿದ ಬಿಲ್ಲನ್ನು ಕಾರ್ಣಿಕದ ಗೊರವಯ್ಯ ಸರಸರನೆ ಏರುತ್ತಾರೆ. ಹನ್ನೊಂದು ದಿನ ಉಪವಾಸವಿದ್ದ ಮೈ. ತುದಿ ಮುಟ್ಟಿ, ಆಕಾಶ ದಿಟ್ಟಿಸಿ, ‘ಸದ್ದಲೇ’ ಎಂದು ಕೂಗುತ್ತಾರೆ. ಡಮರುಗ, ಜಯಕಾರ, ಏಳುಕೋಟಿಯ ಉಗ್ಗಡಣೆ ಎಲ್ಲವೂ ಅಡಗುತ್ತವೆ. ಆಮೇಲೆ ಒಂದೇ ಒಂದು ವಾಕ್ಯ, ಅದರ ಕೊನೆಗೊಂದು ‘ಪರಾಕ್’. ನುಡಿ ಮುಗಿದದ್ದೇ ತಡ ಗೊರವಯ್ಯ ಬಿಲ್ಲಿನಿಂದ ಕೆಳಕ್ಕೆ ಬೀಳುತ್ತಾರೆ, ಕೆಳಗೆ ಕಾದವರು ಹಿಡಿದುಕೊಳ್ಳುತ್ತಾರೆ. ಮರುದಿನದ ಪತ್ರಿಕೆಗಳಲ್ಲಿ ಅದು ‘ವರ್ಷದ ಭವಿಷ್ಯವಾಣಿ’ ಎಂದು ಅಚ್ಚಾಗುತ್ತದೆ. ಆ ಹೆಸರೇ ತಪ್ಪು ಎಂಬುದು ಈ ಬರಹದ ವಾದ. ಮಂತ್ರವಾದಿಗಳ ಕಲ್ಪಿತ ಕಥೆಗಳಲ್ಲಿ ಕಾಲವನ್ನು ಕಾಯುವ ಪಂಗಡವೊಂದು ಆಗಾಗ ಬರುತ್ತದೆ. ಮುಂದೇನಾಗುತ್ತದೆಂದು ಹೇಳುವ ಉಸಾಬರಿ ಆ ಪಂಗಡದ್ದಲ್ಲ. ನಿನ್ನೆ ನಾಳೆಗಳ ನಡುವಿನ ಬಾಗಿಲಲ್ಲಿ ನಿಂತು, ಒಂದು ಇನ್ನೊಂದರೊಳಕ್ಕೆ ನುಗ್ಗದಂತೆ ನೋಡಿಕೊಳ್ಳುವುದಷ್ಟೇ ಅದರ ಕೆಲಸ. ಮೈಲಾರದ ಗೊರವರ ಚರಿತ್ರೆಯನ್ನು ಸಾಕ್ಷ್ಯಗಳ ಬೆಳಕಿನಲ್ಲಿ ನೋಡಿದರೆ, ಅವರೂ ಅಂಥದೇ ಬಾಗಿಲ ಕಾವಲಿನವರು ಎನ್ನಲು ಸಾಕಷ್ಟು ಆಧಾರಗಳಿವೆ.

ಮೊದಲ ಸಾಕ್ಷಿ ಮಾತುಗಳದು. ಕಾರ್ಣಿಕ ಎಂಬುದು ‘ಕಾರಣಿಕ’ದ ಆಡುರೂಪ, ಮೂಲ ‘ಕಾರಣ’. ಅದರ ಪಕ್ಕದಲ್ಲೇ ದೀರ್ಘವಿಲ್ಲದ ‘ಕರಣಿಕ’ ಇದೆ: ಅರಮನೆಯ, ಊರಿನ ಲೆಕ್ಕ ಬರೆಯುವವನು. ಒಂದು ದೀರ್ಘದ ಅಂತರದಲ್ಲಿ ಎರಡು ಹುದ್ದೆಗಳು. ಕರಣಿಕ ಆಗಿಹೋದದ್ದನ್ನು ಬರೆದಿಡುತ್ತಾನೆ, ಕಾರಣಿಕ ಆಗಲಿರುವುದರ ಕಾರಣವನ್ನು ಮುಟ್ಟುತ್ತಾನೆ. ಕಾರಣವೆಂದರೆ ಫಲವಲ್ಲ ಎಂಬುದನ್ನು ನೆನಪಿನಲ್ಲಿಡಬೇಕು. ಭವಿಷ್ಯ ಹೇಳುವವನಿಗೆ ಕನ್ನಡದಲ್ಲಿ ಜೋಯಿಸ, ಕಣಿಯವ, ಬುಡುಬುಡಿಕೆಯವ ಎಂದು ಬೇಕಾದಷ್ಟು ಹೆಸರುಗಳಿದ್ದೂ ಮೈಲಾರದವರು ಅವುಗಳಲ್ಲಿ ಒಂದನ್ನೂ ಮುಟ್ಟಲಿಲ್ಲ. ‘ಗೊರವ’ ಪದದ ಹಾದಿ ಇನ್ನೂ ಹಳೆಯದು. ಇಂದು ಕರಿ ಕಂಬಳಿ, ಕರಡಿ ಕೂದಲಿನ ಕುಲಾವಿ, ಡಮರುಗ, ಪಿಳ್ಳಂಗೋವಿ, ಅರಿಸಿನ ಭಂಡಾರದ ಚೀಲ ಇವೆಲ್ಲ ಸೇರಿದರೆ ಗೊರವ. ಬಹುಪಾಲು ಕುರುಬ ಸಮುದಾಯದಿಂದ ದೀಕ್ಷೆ ಪಡೆದವರು. ಆದರೆ ಹಳಗನ್ನಡದ ಶಾಸನಗಳಲ್ಲಿ ಗೊರವನೆಂದರೆ ಶೈವ ಯತಿ, ಶಿವಾಲಯದ ಸ್ಥಾನವನ್ನು ಹಿಡಿದ ಗುರು. ಅರಸರಿಂದ ಭೂಮಿ ಪಡೆಯುತ್ತಿದ್ದವರ ಹೆಸರು ಮುಂದೆ ಮನೆಮನೆಗೆ ಭಿಕ್ಷೆಯ ದೋಣಿ ಹಿಡಿದು ಹೋಗುವವರಿಗೆ ಉಳಿಯಿತು. ಹೆಸರು ಒಂದೇ ಎಂದ ಮಾತ್ರಕ್ಕೆ ಪರಂಪರೆಯೂ ಒಂದೇ ಎನ್ನಲಾಗದು, ಒಪ್ಪುತ್ತೇನೆ. ಆದರೂ ಪದವೊಂದು ಮಠದಿಂದ ಕುರಿಹಟ್ಟಿಗೆ ಬರಿಗೈಯಲ್ಲಿ ಬರುವುದಿಲ್ಲ; ಜೊತೆಗೆ ಏನನ್ನಾದರೂ ಹೊತ್ತು ತರುತ್ತದೆ.

ಹೊತ್ತು ತಂದದ್ದೇನು ಎಂದು ತಿಳಿಯಲು ದೇವರ ಸ್ವರೂಪವನ್ನೇ ನೋಡಬೇಕು. ಕನ್ನಡದ ಮೈಲಾರಲಿಂಗ, ಮರಾಠಿಯ ಖಂಡೋಬಾ, ತೆಲುಗಿನ ಮಲ್ಲಣ್ಣ ಒಂದೇ ದೈವದ ಮೂರು ಮುಖಗಳೆಂದು ಗುಂಥರ್ ಸೋಂಥೈಮರ್ ಅವರಂಥ ವಿದ್ವಾಂಸರು ತೋರಿಸಿದ್ದಾರೆ. ಮಣಿ ಮಲ್ಲರೆಂಬ ಅಸುರರನ್ನು ಕೊಂದ ಈ ದೈವಕ್ಕೆ ಸಂಸ್ಕೃತದ ಹೆಸರು ಮಾರ್ತಾಂಡ ಭೈರವ. ಮಾರ್ತಾಂಡನೆಂದರೆ ಸೂರ್ಯ. ಭೈರವನೆಂದರೆ ಕಾಲಭೈರವನ ಬಳಗ, ನಾಯಿಯನ್ನು ವಾಹನ ಮಾಡಿಕೊಂಡವನು. ಹೊತ್ತನ್ನು ಅಳೆಯುವ ಸೂರ್ಯ, ಹೊತ್ತನ್ನು ನುಂಗುವ ಕಾಲ ಎರಡೂ ಒಂದೇ ಮೂರ್ತಿಯಲ್ಲಿ ಸೇರಿವೆ. ಭಂಡಾರದ ಹಳದಿ, ಭಾನುವಾರದ ಪೂಜೆ ಸೂರ್ಯನ ಕಡೆಯವು. ಗೊರವರು ನಾಯಿಗಳಂತೆ ಬೊಗಳುತ್ತ, ದೋಣಿಯಲ್ಲಿ ಬಡಿಸಿದ್ದನ್ನು ಬಾಯಿ ಹಾಕಿ ತಿನ್ನುವುದು ಭೈರವನ ಕಡೆಯದು. ಹೊರಗಿನವರಿಗೆ ಈ ನಾಯಿಯಾಟ ವಿಚಿತ್ರವಾಗಿ ಕಾಣುತ್ತದೆ. ಹಟ್ಟಿಯವರಿಗೆ ಹಾಗಲ್ಲ, ಕುರಿ ಮೇಯಿಸುವವನಿಗೆ ನಾಯಿ ಎಂದರೆ ಕಾವಲು, ಬೇರೇನೂ ಅಲ್ಲ. ಕಾಲದ ದೈವಕ್ಕೆ ತನ್ನನ್ನು ನಾಯಿಯೆಂದು ಒಪ್ಪಿಸಿಕೊಂಡವನು ತನ್ನ ಹುದ್ದೆ ಯಾವುದೆಂದು ಇದಕ್ಕಿಂತ ಸ್ಪಷ್ಟವಾಗಿ ಹೇಳಲಾರ.

ಎರಡನೆಯ ಸಾಕ್ಷಿ ದಿನಗಳದು, ಅದು ಇನ್ನೂ ಗಟ್ಟಿ. ಕಾರ್ಣಿಕದ ವ್ರತ ಹಿಡಿಯುವುದು ಸೂರ್ಯನ ದಿನವಾದ ರಥಸಪ್ತಮಿಗೆ, ನುಡಿ ಹೊರಡುವುದು ಮಾಘದ ಹುಣ್ಣಿಮೆ ದಾಟಿದ ಮೇಲೆ. ಆ ಹೊತ್ತಿಗೆ ಹಡಗಲಿ, ಹರಪನಹಳ್ಳಿಗಳ ಎರೆಹೊಲಗಳಲ್ಲಿ ಹಿಂಗಾರಿ ಬಿಳಿಜೋಳ ಕಟಾವಾಗಿ ಕಣಕ್ಕೆ ಬರುತ್ತಿರುತ್ತದೆ. ಕೂಡ್ಲಿಗಿ, ಕೊಟ್ಟೂರಿನ ಕೆಂಪು ಮಸಾರಿ ಖಾಲಿ ಬಿದ್ದು ಮುಂಗಾರಿಗೆ ಕಾಯುತ್ತಿರುತ್ತದೆ. ಹಳೆಯ ವರ್ಷ ರಾಶಿಯಾಗಿ ಮುಂದೆ ಕುಳಿತಿದೆ, ಹೊಸದು ಇನ್ನೂ ಮೋಡವೂ ಆಗಿಲ್ಲ. ಇದೊಂದೇ ಆಗಿದ್ದರೆ ಕಾಕತಾಳೀಯ ಎನ್ನಬಹುದಿತ್ತು. ಆದರೆ ತುಂಗಭದ್ರೆಯ ಆಚೆ, ರಾಣೆಬೆನ್ನೂರು ತಾಲ್ಲೂಕಿನ ದೇವರಗುಡ್ಡದಲ್ಲಿ ಇದೇ ದೈವದ ಇನ್ನೊಂದು ಕಾರ್ಣಿಕವಿದೆ. ಅಲ್ಲೂ ಬಿಲ್ಲು, ಅಲ್ಲೂ ‘ಸದ್ದಲೇ’, ಅಲ್ಲೂ ಒಂದೇ ವಾಕ್ಯ. ಅದು ನಡೆಯುವುದು ಮಹಾನವಮಿಯ ಹೊತ್ತಿಗೆ, ಅಂದರೆ ಮುಂಗಾರಿ ಪೈರು ಕೈಗೆ ಬರುತ್ತ ಹಿಂಗಾರಿ ಬಿತ್ತನೆ ಶುರುವಾಗುವ ಸಂಧಿಯಲ್ಲಿ. ಕಡೂರು ತಾಲ್ಲೂಕಿನ ಬೀರೂರಿನ ಮೈಲಾರಲಿಂಗನ ಕಾರ್ಣಿಕವೂ ವಿಜಯದಶಮಿಗೆ. ದಾವಣಗೆರೆಯ ಆನೆಕೊಂಡದಲ್ಲಿ ಬಸವೇಶ್ವರನ ಕಾರ್ಣಿಕ ಶ್ರಾವಣದಲ್ಲಿ ನಡೆಯುತ್ತದೆ, ಅದರ ಲೆಕ್ಕ ಬೇರೆ. ಆದರೆ ಮೈಲಾರನ ಎರಡು ದೊಡ್ಡ ಕಾರ್ಣಿಕಗಳು ಒಕ್ಕಲು ವರ್ಷದ ಎರಡು ಕೀಲುಗಳ ಮೇಲೆಯೇ ಕೂತಿವೆ. ಭವಿಷ್ಯ ಹೇಳುವುದೇ ಉದ್ದೇಶವಾಗಿದ್ದರೆ ಯಾವ ದಿನವಾದರೂ ನಡೆಯುತ್ತಿತ್ತು. ಕಣಿ ಹೇಳುವವರು ದಿನವಿಡೀ ಹೇಳುತ್ತಾರೆ, ಕೇಳಿದವರಿಗೆಲ್ಲ ಹೇಳುತ್ತಾರೆ. ಕಾರ್ಣಿಕ ಮಾತ್ರ ಒಂದು ಸಂಧಿಗೆ ಒಮ್ಮೆ, ಒಬ್ಬರ ಬಾಯಲ್ಲಿ, ಎಲ್ಲರಿಗೂ ಸೇರಿ.

ಕಾಲವನ್ನು ಕಾಯುವ ಹಕ್ಕಿಗೆ ಈ ಸೀಮೆಯಲ್ಲಿ ಇನ್ನೂ ದೊಡ್ಡವರು ಕೈ ಹಾಕಿದ್ದರು ಎಂಬುದನ್ನು ಮರೆಯಬಾರದು. ಮೈಲಾರಕ್ಕೆ ದೂರವಲ್ಲದ, ಅದೇ ತುಂಗಭದ್ರೆಯ ದಂಡೆಯ ಕುರುವತ್ತಿಯಲ್ಲಿ 1068ರ ಮಾರ್ಚ್ ತಿಂಗಳಲ್ಲಿ ಕಲ್ಯಾಣ ಚಾಲುಕ್ಯರ ಆಹವಮಲ್ಲ ಸೋಮೇಶ್ವರ, ವಾಸಿಯಾಗದ ಜ್ವರಕ್ಕೆ ಬೇಸತ್ತು, ಹೊಳೆಗಿಳಿದು ಪ್ರಾಣ ಬಿಟ್ಟ. ಅದು ಕೀಲಕ ಸಂವತ್ಸರ. ಅವನ ಮಗ ಆರನೆಯ ವಿಕ್ರಮಾದಿತ್ಯ 1076ರಲ್ಲಿ ಪಟ್ಟಕ್ಕೆ ಬಂದವನೇ ಶಕವರ್ಷದ ಎಣಿಕೆಯನ್ನು ಬದಿಗೊತ್ತಿ ತನ್ನ ಹೆಸರಿನಲ್ಲಿ ಚಾಲುಕ್ಯ ವಿಕ್ರಮ ವರ್ಷವನ್ನು ಆರಂಭಿಸಿದ. ಗಡಿ ವಿಸ್ತರಿಸಿದ ಅರಸರು ನೂರಾರು, ಕಾಲದ ಮೇಲೆಯೇ ಮುದ್ರೆ ಒತ್ತಲು ಹೊರಟವರು ವಿರಳ. ಅವನ ಆಳ್ವಿಕೆಯ ಅರ್ಧ ಶತಮಾನದಲ್ಲಿ ಈ ಸೀಮೆಯ ಕಲ್ಲುಗಳ ಮೇಲೂ ಆ ಎಣಿಕೆ ಕಾಣಿಸಿಕೊಂಡಿತು. ಆಮೇಲೆ? ಕಲ್ಯಾಣವನ್ನು ಕಳಚೂರಿ ಬಿಜ್ಜಳ ಕಿತ್ತುಕೊಂಡ, ಚಾಲುಕ್ಯರು ಹೋದರು, ಅವರ ಹಿಂದೆಯೇ ವಿಕ್ರಮ ವರ್ಷವೂ ಮಸುಕಾಗಿ ಅಳಿಯಿತು. ಉಳಿದದ್ದು ಯಾವ ದೊರೆಯ ಹೆಸರೂ ಅಂಟದ ಅರವತ್ತು ಸಂವತ್ಸರಗಳ ಚಕ್ರ. ಸೋಮೇಶ್ವರ ಹೊಳೆಗಿಳಿದ ಕೀಲಕ 1968ರಲ್ಲಿ ಬಂದು ಹೋಯಿತು, 2028ರಲ್ಲಿ ಮತ್ತೆ ಬರುತ್ತದೆ.

ಅರಸರ ಪಕ್ಕದಲ್ಲಿ ಇನ್ನೊಂದು ಪಂಗಡವಿತ್ತು, ಮಂತ್ರವಾದಿಗಳ ಕಥೆ ಬರೆಯುವವರಿಗೆ ಇದಕ್ಕಿಂತ ಒಳ್ಳೆಯ ಹೆಸರು ಸಿಗಲಾರದು: ಕಾಳಾಮುಖರು. ಹೆಸರಿನ ಅರ್ಥ ಕರಿಮೊಗದವರು ಎಂದು, ಕಾಲಕ್ಕೂ ಅದಕ್ಕೂ ನೇರ ನಂಟಿಲ್ಲ. ಆದರೆ ಕೆಲಸದಲ್ಲಿ ನಂಟಿತ್ತು. ಚಾಲುಕ್ಯರ ಕಾಲದ ಶಿವಾಲಯಗಳಲ್ಲಿ ಸ್ಥಾನಾಚಾರ್ಯರಾಗಿದ್ದ ಈ ಯತಿಗಳ ಕಾಲು ತೊಳೆದು ಭೂಮಿ ಧಾರೆಯೆರೆಯುವಾಗ ದಾನಿಗಳು ದಿನವನ್ನು ಗ್ರಹಣಕ್ಕೋ ಸಂಕ್ರಮಣಕ್ಕೋ ವ್ಯತೀಪಾತಕ್ಕೋ ಹೊಂದಿಸುತ್ತಿದ್ದರು, ದಾನದ ಬಾಳಿಕೆಯನ್ನು ಚಂದ್ರ ಸೂರ್ಯ ತಾರೆಗಳಿರುವವರೆಗೆ ಎಂದು ಕೊರೆಸುತ್ತಿದ್ದರು. ಹರಪನಹಳ್ಳಿ ತಾಲ್ಲೂಕಿನ ಬಾಗಳಿಯ ಕಲ್ಲೇಶ್ವರ ಗುಡಿಯಲ್ಲಿ ಇಮ್ಮಡಿ ತೈಲಪನ ಕಾಲದ, 987ರ ಶಾಸನದಿಂದ ಮೊದಲುಗೊಂಡು ಅಂಥ ಕಲ್ಲುಗಳ ಸಾಲೇ ಇದೆ. ಅಲ್ಲಿ ಸೂರ್ಯನಿಗೂ ಒಂದು ಗುಡಿ ಇರುವುದು ಗಮನಿಸತಕ್ಕದ್ದು. ಅವರು ಕಾದದ್ದು ಕಲ್ಲಿನ ಕಾಲವನ್ನು, ಕದಲದ್ದನ್ನು. ಹದಿಮೂರನೆಯ ಶತಮಾನದ ಬಳಿಕ ಕಾಳಾಮುಖರ ಹೆಸರು ಮಸುಕಾಗುತ್ತ ಹೋಗುತ್ತದೆ. ಅವರ ಹಲವು ಮಠಗಳು ವೀರಶೈವದೊಳಗೆ ಕರಗಿದವು. ಚಂದ್ರ ಸೂರ್ಯರು ಇನ್ನೂ ಇದ್ದಾರೆ, ಧಾರೆಯೆರೆದ ಗದ್ದೆಗಳ ಒಡೆಯರು ಹತ್ತಾರು ಸಲ ಬದಲಾಗಿದ್ದಾರೆ. ಕಲ್ಲಿನ ಮೇಲೆ ಬರೆದವರು ಅಳಿದು, ಗಾಳಿಯಲ್ಲಿ ಒಂದು ವಾಕ್ಯ ಬಿಟ್ಟವರು ಉಳಿದರು. ಇದು ಆಕಸ್ಮಿಕವೆಂದು ನನಗನಿಸುವುದಿಲ್ಲ. ಕಾಳಾಮುಖರ ಕಾಲಕ್ಕೆ ದಾನಿ ಬೇಕು, ದಾನಿಗೆ ರಾಜ್ಯ ಬೇಕು. ಗೊರವನಿಗೆ ಬೇಕಾದದ್ದು ಒಂದು ಬಿಲ್ಲು ಮತ್ತು ಸದ್ದಡಗಿಸಲು ಒಪ್ಪುವ ಜನ.

ಆ ಜನದ ಒಪ್ಪಿಗೆ ಎಷ್ಟು ಗಟ್ಟಿ ಎಂಬುದಕ್ಕೆ ಈಚಿನ ಇನ್ನೂರು ವರ್ಷಗಳ ಕಂದಾಯ ಚರಿತ್ರೆಯೇ ಪ್ರಮಾಣ. 1800ರಲ್ಲಿ ನಿಜಾಮನಿಂದ ಈ ಸೀಮೆ ಕಂಪನಿಯ ಕೈಗೆ ಬಂತು, ಥಾಮಸ್ ಮನ್ರೋ ಬಂದ. ಮದರಾಸು ಪ್ರಾಂತ್ಯದ ಕರಣಂ ಲೆಕ್ಕ ಬರೆದದ್ದು ಫಸಲಿ ವರ್ಷದಲ್ಲಿ, ಅದು ಹತ್ತೊಂಬತ್ತನೆಯ ಶತಮಾನದ ನಡುವಿನಿಂದ ಆರಂಭವಾಗುತ್ತಿದ್ದುದು ಜುಲೈ 1ಕ್ಕೆ. ಹೆಸರು ಫಸಲಿನದಾದರೂ ವಸೂಲಿಗೆಂದು ಕಟ್ಟಿದ ವರ್ಷವದು. 1953ರ ಅಕ್ಟೋಬರ್ 1ರಂದು ಬಳ್ಳಾರಿ ಮೈಸೂರು ರಾಜ್ಯಕ್ಕೆ ಸೇರಿತು. 1997ರಲ್ಲಿ ಹರಪನಹಳ್ಳಿ ದಾವಣಗೆರೆಗೆ ಹೋಯಿತು, 2018ರಲ್ಲಿ ಬಳ್ಳಾರಿಗೆ ಮರಳಿತು, 2021ರಲ್ಲಿ ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿಗಳ ಜೊತೆಗೆ ಹೊಸ ವಿಜಯನಗರ ಜಿಲ್ಲೆಯೊಳಕ್ಕೆ ಬಂತು. ಇಷ್ಟು ಸಲ ಎತ್ತಿ ಇಟ್ಟ ಈ ಐದು ತಾಲ್ಲೂಕುಗಳ ಜನ ಯಾವ ಕಚೇರಿಗೆ ಅರ್ಜಿ ಹಿಡಿದು ಹೋಗಬೇಕೆಂದು ಗೊಂದಲಪಟ್ಟಿರಬಹುದು, ಮಾಘದಲ್ಲಿ ಚಕ್ಕಡಿ ಎತ್ತ ತಿರುಗಬೇಕೆಂದು ಗೊಂದಲಪಡಲಿಲ್ಲ.

ಇಲ್ಲಿ ಮೊದಲ ಆಕ್ಷೇಪ ಏಳುತ್ತದೆ. ತಿಥಿ ಹಿಡಿಯುವುದು ಪಂಚಾಂಗ, ಪಂಚಾಂಗ ಗುಣಿಸುವವರು ಜೋಯಿಸರು. ಕಾಲದ ಕಾವಲು ಅವರದಲ್ಲವೇ, ಗೊರವರದ್ದೇನು ಹೆಚ್ಚುಗಾರಿಕೆ? ಆಕ್ಷೇಪದಲ್ಲಿ ಹುರುಳಿದೆ. ದಿನವನ್ನು ಅರವತ್ತು ಗಳಿಗೆಯಾಗಿ, ಗಳಿಗೆಯನ್ನು ಇಪ್ಪತ್ನಾಲ್ಕು ನಿಮಿಷವಾಗಿ ಒಡೆದು, ಸೂರ್ಯನ ಹಾದಿಯನ್ನು ಇಪ್ಪತ್ತೇಳು ನಕ್ಷತ್ರಗಳಾಗಿ ಹಂಚಿ, ಹದಿಮೂರೂವರೆ ದಿನಕ್ಕೊಂದರಂತೆ ಮಳೆಗಳಿಗೆ ಹೆಸರಿಟ್ಟ ಲೆಕ್ಕ ಅಸಾಮಾನ್ಯವಾದದ್ದು. ರೋಹಿಣಿ, ಮೃಗಶಿರಾ, ಆರಿದ್ರಾ, ಹುಬ್ಬೆ, ಉತ್ತರೆ ಎಂದು ರೈತರ ಬಾಯಲ್ಲಿ ಇಂದಿಗೂ ಅದೇ ಇದೆ. ನಕ್ಷತ್ರದ ಲೆಕ್ಕ ಈ ಸೀಮೆಯಲ್ಲಿ ಎಷ್ಟು ಚೊಕ್ಕವಾಗಿ ಬಳಕೆಯಾಗಿದೆ ಎಂಬುದಕ್ಕೆ ಕೊಟ್ಟೂರೇ ಉದಾಹರಣೆ. ಗುರುಬಸವೇಶ್ವರನ ತೇರು ಹೊರಡುವುದು ಮಾಘ ಬಹುಳದಲ್ಲಿ ಮೂಲಾ ನಕ್ಷತ್ರ ಕೂಡಿದಾಗ. ಮಾಘದ ಹುಣ್ಣಿಮೆಗೆ ಚಂದ್ರ ಹತ್ತನೆಯದಾದ ಮಖಾ ನಕ್ಷತ್ರದ ಬಳಿ ಇರುತ್ತಾನೆ, ದಿನಕ್ಕೊಂದರಂತೆ ದಾಟುತ್ತ ಒಂಬತ್ತನೆಯ ದಿನದ ಸುಮಾರಿಗೆ ಹತ್ತೊಂಬತ್ತನೆಯದಾದ ಮೂಲೆಗೆ ಬರುತ್ತಾನೆ. ಅಂದರೆ ರಥಸಪ್ತಮಿಯ ವ್ರತ, ಭರತ ಹುಣ್ಣಿಮೆ, ಕಾರ್ಣಿಕ, ಕೊಟ್ಟೂರಿನ ತೇರು ಇಷ್ಟೂ ಒಂದೇ ಚಂದ್ರನ ನಡಿಗೆಯಲ್ಲಿ ಒಂದರ ಹಿಂದೊಂದು ಪೋಣಿಸಿಕೊಂಡಿವೆ.

ಆದರೆ ಇದೇ ಲೆಕ್ಕಕ್ಕೆ ಒಂದು ನಿಧಾನದ ರೋಗವಿದೆ. ಪಂಚಾಂಗದ ಸೌರವರ್ಷ ಋತುಗಳ ವರ್ಷಕ್ಕಿಂತ ಕೂದಲೆಳೆಯಷ್ಟು ಉದ್ದ. ಸೋಮೇಶ್ವರ ಕುರುವತ್ತಿಯಲ್ಲಿ ಹೊಳೆಗಿಳಿದ ಕಾಲಕ್ಕೆ ಮಕರ ಸಂಕ್ರಾಂತಿ, ಈಗಿನ ಕ್ಯಾಲೆಂಡರಿಗೆ ಹೊಂದಿಸಿ ಹೇಳುವುದಾದರೆ, ಡಿಸೆಂಬರ್ 30ರ ಆಸುಪಾಸಿಗೆ ಬೀಳುತ್ತಿತ್ತು. ಈಗ ಜನವರಿ 14 ಅಥವಾ 15ಕ್ಕೆ. ಒಂಬೈನೂರು ಚಿಲ್ಲರೆ ವರ್ಷಗಳಲ್ಲಿ ಎರಡು ವಾರ ಜಾರಿದೆ. ಎರಡು ವಾರವೆಂದರೆ ಹೆಚ್ಚೂಕಡಿಮೆ ಒಂದು ಮಳೆ ನಕ್ಷತ್ರ. ಚಾಲುಕ್ಯರ ಕಾಲದ ರೈತ ಮೃಗಶಿರಾ ಎಂದು ಕರೆದ ದಿನಗಳನ್ನು ಇಂದಿನ ರೈತ ರೋಹಿಣಿ ಎಂದು ಕರೆಯುತ್ತಾನೆ. ಮೋಡ ಮಾತ್ರ ಹೆಸರು ಕೇಳಿ ಬರುವುದಿಲ್ಲ. ಕಾರ್ಣಿಕದ ದಿನವೂ ಇದೇ ಪಂಚಾಂಗಕ್ಕೆ ಕಟ್ಟಿಕೊಂಡಿರುವುದರಿಂದ ಅದೂ ಜೊತೆಯಲ್ಲೇ ಜಾರುತ್ತಿದೆ, ನಿಜ. ಜಾರದಿರುವುದು ಅದರ ವಾಕ್ಯ. ಯುಗಾದಿಯ ಪಂಚಾಂಗ ಶ್ರವಣದಲ್ಲಿ ಮಳೆಯನ್ನು ಕೊಳಗದಲ್ಲಿ ಅಳೆದು ಹೇಳುತ್ತಾರೆ. ಗೊರವಯ್ಯ ಅಳತೆ ಹೇಳುವುದಿಲ್ಲ, ನಕ್ಷತ್ರ ಹೇಳುವುದಿಲ್ಲ, ತಿಂಗಳು ಹೇಳುವುದಿಲ್ಲ. ವರ್ಷ ವರ್ಷದ ಕಾರ್ಣಿಕಗಳಲ್ಲಿ ಬರುವುದು ಆಕಾಶ, ಬೇರು, ರಾಶಿ, ಮುತ್ತು, ಕೊಡ, ಅಂಬಲಿ, ಕಂಬಳಿ. ಇವೆಲ್ಲ ಮನೆಯ, ಹೊಲದ, ಹಟ್ಟಿಯ ವಸ್ತುಗಳು, ಯಾವ ಶತಮಾನದಲ್ಲೂ ಅವು ಇದ್ದಲ್ಲೇ ಇರುತ್ತವೆ.

ಹಾಗಾದರೆ ಎರಡನೆಯ ಆಕ್ಷೇಪ ಇನ್ನೂ ಹರಿತವಾಗುತ್ತದೆ: ಏನನ್ನೂ ಖಚಿತವಾಗಿ ಹೇಳದ ಮಾತು ಎಂದೂ ಸುಳ್ಳಾಗುವುದಿಲ್ಲ, ಸುಳ್ಳಾಗಲಾರದ ಮಾತಿಗೆ ಬೆಲೆ ಏನು? ವೈಚಾರಿಕರು ಇದನ್ನು ಬಹುಕಾಲದಿಂದ ಕೇಳುತ್ತಿದ್ದಾರೆ, ಕೇಳಬೇಕು ಕೂಡ. ರಾಜಕಾರಣಿಗಳು ಕಾರ್ಣಿಕವನ್ನು ತಮ್ಮ ಕುರ್ಚಿಗೆ ಅನ್ವಯಿಸಿಕೊಂಡು, ತುಂಬಿದ ಕೊಡ ಯಾವ ಪಕ್ಷದ್ದು ಎಂದು ಚರ್ಚಿಸುವುದನ್ನು ನೋಡಿದರೆ ಆಕ್ಷೇಪಕ್ಕೆ ಬಲವೂ ಬರುತ್ತದೆ. ಉತ್ತರ ಕಂಡುಕೊಳ್ಳಲು ಇನ್ನೊಂದು ಸಂಸ್ಥೆಯನ್ನು ಪಕ್ಕಕ್ಕಿಟ್ಟು ನೋಡಬಹುದು. ಭಾರತೀಯ ಹವಾಮಾನ ಇಲಾಖೆ ಹುಟ್ಟಿದ್ದು 1875ರಲ್ಲಿ. ಮರುವರ್ಷವೇ ಧಾತು ಸಂವತ್ಸರದ ಕ್ಷಾಮ. ಅದು ಈಶ್ವರ ಸಂವತ್ಸರಕ್ಕೂ ಚಾಚಿ, 1878ರವರೆಗೆ ಬಳ್ಳಾರಿ ಜಿಲ್ಲೆಯನ್ನು ಹಿಂಡಿತು. ಆ ಪೆಟ್ಟಿನ ನಂತರವೇ ಹೆನ್ರಿ ಬ್ಲಾನ್‌ಫರ್ಡ್ ಮುಂಗಾರಿನ ಮುನ್ಸೂಚನೆಗೆ ಕೈಹಾಕಿದ್ದು, 1886ರಿಂದ ಅದು ವರ್ಷವರ್ಷದ ಪದ್ಧತಿಯಾಯಿತು. ಇಂದಿಗೂ ಇಲಾಖೆ ಬೇಸಿಗೆಯಲ್ಲಿ ಒಂದು ಹೇಳಿಕೆ ಕೊಡುತ್ತದೆ. ಸರಾಸರಿಯ ಶೇ 96ರಿಂದ 104ರವರೆಗೆ ಮಳೆಯಾದರೆ ‘ಸಾಮಾನ್ಯ’. ಅಕ್ಟೋಬರಿನಲ್ಲಿ ಆ ಹೇಳಿಕೆಯನ್ನು ಅಂಕಿಯೊಂದಿಗೆ ತೂಗಬಹುದು, ತಪ್ಪಿದ್ದರೆ ತಪ್ಪೆನ್ನಬಹುದು. ಮುನ್ಸೂಚನೆ ಎಂದರೆ ಅದು. ಕಾರ್ಣಿಕವನ್ನು ಹಾಗೆ ತೂಗಲಾಗದು ಎಂಬುದು ಸರಿಯಾದ ಮಾತು. ಆದರೆ ಅದರಿಂದ ಬರುವ ತೀರ್ಮಾನ ಕಾರ್ಣಿಕ ಕೆಟ್ಟ ಮುನ್ಸೂಚನೆ ಎಂದಲ್ಲ, ಅದು ಮುನ್ಸೂಚನೆಯ ಜಾತಿಗೇ ಸೇರಿದ್ದಲ್ಲ ಎಂದು. ವಾಕ್ಯ ಕೇಳಿದವರು ಅಲ್ಲೇ, ಬಯಲಲ್ಲೇ, ಅರ್ಥ ಹೇಳತೊಡಗುತ್ತಾರೆ. ಊರಿಗೆ ಮರಳುವ ದಾರಿಯುದ್ದಕ್ಕೂ ಅದೇ ಜಗ್ಗಾಟ. ಯಾವ ಬೀಜ, ಎಷ್ಟು ಸಾಲ, ಕುರಿ ಮಾರುವುದೋ ಉಳಿಸುವುದೋ ಎಂಬ ಮಾತುಗಳು ಆ ನೆಪದಲ್ಲಿ ಹೊರಬರುತ್ತವೆ. ಖಚಿತವಾದ ಮಾತಾಗಿದ್ದರೆ ಕೇಳಿ ಸುಮ್ಮನಾಗುತ್ತಿದ್ದರು. ಅರ್ಧ ತೆರೆದ ವಾಕ್ಯ ಮುಂದಿನ ವರ್ಷವನ್ನು ಎಲ್ಲರ ಕೈಗೂ ಒಂದಿಷ್ಟು ಕೊಡುತ್ತದೆ, ಯಾರೊಬ್ಬನಿಗೂ ಇಡಿಯಾಗಿ ಕೊಡುವುದಿಲ್ಲ. ಅದನ್ನು ಒಂದು ಪಕ್ಷದ ಕುರ್ಚಿಗೆ ಕಟ್ಟಹೊರಟವರು ಈ ಕಾವಲನ್ನೇ ಮುರಿಯುತ್ತಿದ್ದಾರೆ.

ಮೂರನೆಯ ಆಕ್ಷೇಪ ನೀರಿನದು. 1953ರಲ್ಲಿ ತುಂಗಭದ್ರಾ ಅಣೆಕಟ್ಟು ತುಂಬತೊಡಗಿತು, ಹಿನ್ನೀರು ಹಗರಿಬೊಮ್ಮನಹಳ್ಳಿ ಕಡೆಯ ಹಳ್ಳಿಗಳನ್ನು ನುಂಗಿತು. ಈಚೆಗೆ ಸಿಂಗಟಾಲೂರು ಏತ ನೀರಾವರಿ ಹಡಗಲಿಯ ಹೊಲಗಳಿಗೆ ನೀರೆತ್ತಿತು, ಎಲ್ಲೆಡೆ ಕೊಳವೆಬಾವಿಗಳು ಇಳಿದವು. ಮಳೆಯ ಗಡಿಯಾರವೇ ಬೇಡವಾದ ಮೇಲೆ ಅದರ ಕಾವಲುಗಾರ ಯಾಕೆ? ಇದಕ್ಕೆ ಕೂಡ್ಲಿಗಿ, ಕೊಟ್ಟೂರಿನ ಮಸಾರಿ ನೆಲವೇ ಅರ್ಧ ಉತ್ತರ. ಅಲ್ಲಿ ಶೇಂಗಾ, ಸಜ್ಜೆ, ನವಣೆಗಳ ಪಾಡು ಇಂದಿಗೂ ಮೋಡದ ಕೈಯಲ್ಲಿದೆ. ಇನ್ನರ್ಧ ಉತ್ತರ ಉಜ್ಜಿನಿಯಲ್ಲಿ ಸಿಗುತ್ತದೆ. ಕೊಟ್ಟೂರು ಸಮೀಪದ ಆ ಊರಿನ ಗುಡಿಯ ಶಿಖರಕ್ಕೆ ವೈಶಾಖದಲ್ಲಿ ಎಣ್ಣೆ ಎರೆಯುವ ಪದ್ಧತಿಯಿದೆ, ಎಣ್ಣೆ ಜರಿಮಲೆಯ ಪಾಳೆಯಗಾರರ ಮನೆತನದಿಂದ ಬರಬೇಕು. ಪಾಳೆಯಪಟ್ಟು ಹೋಗಿ ಇನ್ನೂರು ವರ್ಷಗಳೇ ಆದವು, ಆಳುವ ಹಕ್ಕು ಉಳಿಯಲಿಲ್ಲ, ವರ್ಷಕ್ಕೊಮ್ಮೆ ಎಣ್ಣೆ ಕಳಿಸುವ ಬಾಧ್ಯತೆ ಉಳಿಯಿತು. ಕಾಲಕ್ಕೆ ಕಟ್ಟಿದ ಕರ್ತವ್ಯಗಳು ಅವನ್ನು ಹುಟ್ಟಿಸಿದ ಅಗತ್ಯಕ್ಕಿಂತ ಹೆಚ್ಚು ಬಾಳುತ್ತವೆ ಎಂಬುದಕ್ಕೆ ಈ ಸೀಮೆಯಲ್ಲಿ ಸಾಕ್ಷಿಗೆ ಬರವಿಲ್ಲ.

ಕೊನೆಗೆ ಉಳಿಯುವುದು ಆ ಬೀಳುವಿಕೆ. ಕಾರ್ಣಿಕದ ವಿಧಿಯಲ್ಲಿ ನನಗೆ ಎಲ್ಲಕ್ಕಿಂತ ಅರ್ಥವತ್ತಾಗಿ ಕಾಣುವುದು ಏರುವುದಲ್ಲ, ನುಡಿಯುವುದೂ ಅಲ್ಲ. ವಿಕ್ರಮಾದಿತ್ಯ ತನ್ನ ವರ್ಷಕ್ಕೆ ತನ್ನ ಹೆಸರಿಟ್ಟು ಐವತ್ತು ವರ್ಷ ಸಿಂಹಾಸನದ ಮೇಲೆ ಕೂತ. ಗೊರವಯ್ಯ ಬಿಲ್ಲಿನ ತುದಿಯಲ್ಲಿ ಇರುವುದು ಒಂದು ವಾಕ್ಯದಷ್ಟು ಹೊತ್ತು. ನುಡಿದ ಮೇಲೆ ಅಲ್ಲೇ ನಿಂತು ಅರ್ಥ ಬಿಡಿಸಲು, ಪ್ರಶ್ನೆಗೆ ಉತ್ತರಿಸಲು, ಎರಡನೆಯ ವಾಕ್ಯ ಸೇರಿಸಲು ಅವರಿಗೆ ಹಕ್ಕಿಲ್ಲ. ಕೈ ಬಿಡಬೇಕು, ಬೀಳಬೇಕು. ಕೆಳಗಿನವರು ಹಿಡಿದಿಳಿಸಿದಾಗ ಕಂಬಳಿಯೊಳಗಿರುವುದು ಹನ್ನೊಂದು ದಿನದಿಂದ ಉಂಡಿಲ್ಲದ ಒಬ್ಬ ದಣಿದ ಮನುಷ್ಯ. ಅಷ್ಟರಲ್ಲಿ ಸದ್ದು ಮರಳಿರುತ್ತದೆ, ಭಂಡಾರ ಎದ್ದಿರುತ್ತದೆ, ಚಕ್ಕಡಿ, ಟ್ರ್ಯಾಕ್ಟರುಗಳು ಹೊರಳತೊಡಗಿರುತ್ತವೆ; ಮೈಲಾರದ ಬಯಲಿನಿಂದ ಹೊರಟವರಲ್ಲಿ ಹಲವರು ವಾರದೊಳಗೆ ಕೊಟ್ಟೂರಿನಲ್ಲಿ ಮೂಲಾ ನಕ್ಷತ್ರಕ್ಕಾಗಿ ತೇರಿನ ಮುಂದೆ ನಿಂತಿರುತ್ತಾರೆ.